ಕಿವಿ ಇಲ್ಲದ ಚಿತ್ರ

ಗಾಳಿ ಬಂದಾಗೊಮ್ಮೆ ಬಟ್ಟೆ ಹೊಟ್ಟೆ ಉಬ್ಬಿಸಿಕೊಳ್ಳುತ್ತದೆ, ಮತ್ತೆ ಒಳಗೆಳೆದುಕೊಳ್ಳುತ್ತದೆ, ಪರದೆಗೆಂದು ಬನಹಟ್ಟಿಯ ಮಗ್ಗದಿಂದ ನೇರ ತಂದ ಬಿಳಿ ಬಟ್ಟೆ, ಇನ್ನೂ ಗಂಜಿಯ ವಾಸನೆ ಹೋಗಿಲ್ಲ, ಕೆಳಗಿನ ಅಂಚಿಗೆ ಕಲ್ಲು ಕಟ್ಟಿದ್ದರೆ ಚೆನ್ನಾಗಿತ್ತು, ಈಗಲೂ ಕಟ್ಟಬಹುದು, ಕೇತಕಿ ಏಳಬೇಕೆಂದುಕೊಂಡಳು, ಏಳಲಿಲ್ಲ — ಎದ್ದರೆ ಕುರಿಗಾರ ಪಾಂಡಪ್ಪನ ಮುಂದೆಯೇ ಹಾಯ್ದು ಹೋಗಬೇಕು, ಹಾಯ್ದರೆ ಅವನು ತಲೆ ಎತ್ತುತ್ತಾನೆ, ತಗದ್ಯೋ ಇಲ್ಲೋ ಎಂದು ಬಾಯಿಬಿಟ್ಟು ಕೇಳುವ ಮುದುಕನಲ್ಲ ಅವನು, ಬರೀ ನೋಡುತ್ತಾನೆ. ಉಬ್ಬಲಿ ಬಿಡು ಬಟ್ಟೆ. ತುಬಚಿಯ ಈ ಹೊಲದಲ್ಲಿ ಗೋವಿನಜೋಳ ಕೊಯ್ದ ಕೂಳೆ ಚಪ್ಪಲಿಯನ್ನೂ ಬಿಡದೆ ಚುಚ್ಚುತ್ತದೆ, ಗೊಬ್ಬರ ಬೀಳಲೆಂದು ಹೊಲದವನು ಕರೆಸಿ ಕೂಡಿಸಿದ ಕುರಿಗಳು ಆಚೆ ಬೇಲಿಯ ಹಾಗೆ ಕಟ್ಟಿದ ಬಲೆಯೊಳಗೆ ಒಂದರ ಮೈಗೊಂದು ಆತು ಕೂತಿವೆ, ಹೊತ್ತು ಮುಳುಗಿದೆ, ಬೆಳಕು ಮಾತ್ರ ಹೋಗಲೊಲ್ಲದು, ಬೇರೆ ದಿನವಾಗಿದ್ದರೆ ಇಂಥ ಬೆಳಕಿಗೆ ಅವಳು ಕ್ಯಾಮೆರಾ ಹೊತ್ತು ಓಡುತ್ತಿದ್ದಳು, ಇವತ್ತು ಬೇಗ ಹೋಗಬಾರದೇ ಎನ್ನಿಸುತ್ತದೆ, ಅಲ್ಲ, ಹೋಗದಿರಲಿ, ಕತ್ತಲಾದರೆ ಪ್ರೊಜೆಕ್ಟರು ಹಚ್ಚಿ ಒತ್ತಲೇಬೇಕಲ್ಲ. ಲ್ಯಾಪ್‌ಟಾಪಿನ ಮೇಲೆ ಒಂದೇ ಚಿತ್ರದ ಎರಡು ಪ್ರತಿ, ಎರಡು ಹೆಸರು, ಅಕ್ಕಪಕ್ಕ ಕೂತಿವೆ, ಕಿವಿ ಇದ್ದದ್ದು, ಕಿವಿ ಇಲ್ಲದ್ದು, ಮಧ್ಯಾಹ್ನ ಅವಸರದಲ್ಲಿ ಅವಳೇ ಇಟ್ಟ ಹೆಸರು, ಪುಣೆಯಲ್ಲಿ ಸಿನಿಮಾ ಕಲಿತು ಬಂದ ಹೆಂಗಸು ಮೂರು ವರ್ಷದ ಕೆಲಸಕ್ಕೆ ಇಡುವ ಹೆಸರೇ ಇದು, ಯಾರಾದರೂ ನೋಡಿದರೆ ನಕ್ಕಾರು. ನಗಲಿ, ನಗುವುದಾದರೆ ಎಷ್ಟೋ ವಾಸಿ.

ಸಾವಳಗಿಯಿಂದ ಬಂದ ಟ್ರ್ಯಾಕ್ಟರಿನಿಂದ ಜನ ಇಳಿಯುತ್ತಿದ್ದಾರೆ, ಹೆಂಗಸರು ಹಿಂದುಹಿಂದಾಗಿ ಕಾಲು ಇಳಿಬಿಟ್ಟು ಇಳಿಯುತ್ತಾರೆ, ಅವರ ನಡುವೆ ವೈಶಾಲಿ, ಪಾಂಡಪ್ಪನ ಸೊಸೆ — ಸೊಸೆಯಾಗಿದ್ದವಳು ಎನ್ನಬೇಕು, ಗಂಡ ಶಿವಪುತ್ರನ ಜೊತೆ ಬಾಳಲಾರೆನೆಂದು ಹೋದ ವರ್ಷ ತವರಿಗೆ ಎದ್ದು ಹೋದವಳು — ಪಕ್ಕದಲ್ಲಿ ಅವಳ ತಾಯಿ ಸಿದ್ದಕ್ಕ, ಸೆರಗು ತಲೆ ತುಂಬ ಹೊದ್ದು, ಬೀಗರ ಹಟ್ಟಿಗೆ ಬಂದರೂ ಬೀಗರ ಕಡೆ ತಿರುಗಿಯೂ ನೋಡದೆ ಹೋಗಿ ಬಲೆಯ ಬದಿಗೆ ಕೂತಳು. ಮುಂದಿನ ಸಾಲಿಗೆ ಕಂಬಳಿ ಹಾಸಿದ್ದಾರೆ, ಅಲ್ಲಿ ಸುತ್ತಲಿನ ಹಟ್ಟಿಗಳ ಹಿರಿಯರು, ಹಣೆ ತುಂಬ ಭಂಡಾರದ ಅರಿಸಿನ, ನಡುವೆ ಪಾಂಡಪ್ಪ, ಇವತ್ತು ತೊಳೆದ ರುಮಾಲು, ಮದುವೆಯ ಯಜಮಾನನ ಹಾಗೆ ಬಂದವರನ್ನೆಲ್ಲ ಬರ್ರಿ ಬರ್ರಿ ಎಂದು ಕರೆದು ಕೂಡಿಸುತ್ತಿದ್ದಾನೆ, ನಮ್ಮ ಪಿಚ್ಚರ್ ಐತಿ, ನಾವ ತಗದದ್ದು, ಈಕಿ ಬರೇ ಹೊಲದ ಕೊಟ್ಟಾಳ. ಬರೇ ಹೊಲಿದು ಕೊಟ್ಟಿದ್ದಾಳೆ. ಎಷ್ಟು ಛಲೋ ಮಾತು, ತನ್ನ ಕೆಲಸವನ್ನು ಇಷ್ಟು ಚೆನ್ನಾಗಿ ಯಾರೂ ಹೇಳಿರಲಿಲ್ಲ, ಕಳೆದ ಚಳಿಗಾಲದಲ್ಲಿ ಪುಣೆಯ ಸಭೆಯಲ್ಲಿ ಇದೇ ಮಾತನ್ನು ತಿರುಗಿ ಹೇಳಿ ಚಪ್ಪಾಳೆಯನ್ನೂ ಗಿಟ್ಟಿಸಿದ್ದಳು, ಸಮುದಾಯದ ಕೈಯಲ್ಲಿ ಕ್ಯಾಮೆರಾ, ಸಮುದಾಯದ ಕೈಯಲ್ಲಿ ಕತ್ತರಿ, ನಾನು ಬರೀ ಹೊಲಿಯುವವಳು. ಈಗ ಕತ್ತರಿ ಇವಳ ಕೈಯಲ್ಲಿದೆ, ಸಮುದಾಯ ಇಬ್ಬರಾಗಿ ಎರಡು ದಿಕ್ಕಿಗೆ ಕೂತಿದೆ.

ಆ ಮಾತು, ಆ ಹಾಳು ಮಾತು ಕೊಟ್ಟದ್ದು ಕಂಬಳಿಯ ಮೇಲೆ. ಆಗ ಹಟ್ಟಿ ಬೀಳಗಿ ಕಡೆ ಇತ್ತು, ಹಿಂದೆ ಯಾರೋ ಬಂದು ಇವರ ಚಿತ್ರ ತೆಗೆದುಕೊಂಡು ಹೋಗಿ ಅಳುವ ಪಿಟೀಲು ಹಚ್ಚಿ ಟೀವಿಯಲ್ಲಿ ಬಿಟ್ಟಿದ್ದರಂತೆ, ಅದರ ಸಿಟ್ಟು ಇನ್ನೂ ಆರಿರಲಿಲ್ಲ, ಪಾಂಡಪ್ಪ ಮುಖ ಕೊಟ್ಟು ಮಾತಾಡಿರಲಿಲ್ಲ, ಬಾಯಾರ, ನಮ್ಮನ್ನ ತೋರ್ಸಿ ನಿಮಗೇನ ಆಗೂದೈತಿ. ನಾ ತೋರ್ಸೂದಲ್ಲ ಕಾಕಾ, ನೀವ ತೋರ್ಸೂದು, ಕ್ಯಾಮೆರಾ ನಿಮ್ಮ ಕೈಯಾಗ ಕೊಡ್ತೀನಿ. ಅವನ ಹೆಂಡತಿ ಪದ್ಮವ್ವ ರೊಟ್ಟಿ ಬಡಿಯುವುದನ್ನು ಬಿಟ್ಟು ನಕ್ಕಿದ್ದಳು, ಕೋಲ ಹಿಡದ ಕೈಯಾಗ ಇದನ್ನ ಹ್ಯಾಂಗ ಹಿಡಿಯೂದಬೇ. ಆಮೇಲೆ ಕರಿ ಕಂಬಳಿ ಬಂತು, ನೆಲಕ್ಕೆ ಹಾಸಿ ಭಂಡಾರ ಚೆಲ್ಲಿ ಬೀರೇಶ್ವರನ ಹೆಸರು ಹೇಳಿ, ಕುಂಡ್ರಿ ಇಲ್ಲೆ, ಇದರ ಮ್ಯಾಲ ಕುಂತ ಆಡಿದ ಮಾತು ತಿರಗಸಾಕ ಬರೂದಿಲ್ಲ, ಏನ ಹೇಳ್ತೀರಿ ಹೇಳ್ರಿ, ಎಂದ ಪಾಂಡಪ್ಪ. ಉಣ್ಣೆ ತೊಡೆಗೆ ಚುಚ್ಚುತ್ತಿತ್ತು, ಇವಳು ಬೀಗಿ ಬೆನ್ನು ನೆಟ್ಟಗೆ ಮಾಡಿ ಕೂತು, ನಿಮ್ಮೊಳಗ ಯಾರ ಬ್ಯಾಡ ಅಂದ್ರೂ ಆ ಚಿತ್ರ ತಗದ ಹಾಕ್ತೀನಿ, ಅಂದಿದ್ದಳು. ಯಾರ ಬ್ಯಾಡ ಅಂದ್ರೂ. ಬೇಡ ಎನ್ನುವವರಿಗೆ ಅಷ್ಟು ದೊಡ್ಡ ಬಾಗಿಲು, ಬೇಕು ಎನ್ನುವವರಿಗೆ ಒಂದು ಕಿಂಡಿಯಾದರೂ ಬೇಡವೇ, ಆವತ್ತು ಹೊಳೆಯಲಿಲ್ಲ, ಒಬ್ಬರು ಬೇಡ ಎಂದದ್ದನ್ನೇ ಇನ್ನೊಬ್ಬರು ಬೇಕು ಎನ್ನಬಹುದು ಎಂದು ಆ ಜಾಣ ತಲೆಗೆ ಹೊಳೆಯಲೇ ಇಲ್ಲ, ಎಲ್ಲರೂ ಒಂದೇ ಮನಸ್ಸಿನವರು, ಕುರುಬರು, ಒಂದು ಹಟ್ಟಿ, ಒಂದು ದೇವರು, ಆಹಾ, ಅವಳ ಸ್ವಂತ ಮನೆಯಲ್ಲಿ ಉಪ್ಪಿಟ್ಟಿಗೆ ಸಕ್ಕರೆ ಹಾಕಬೇಕೋ ಬೇಡವೋ ಎಂಬುದಕ್ಕೂ ವರ್ಷಗಟ್ಟಲೆ ಜಗಳ ನಡೆದಿದೆ, ಇಲ್ಲಿ ಮಾತ್ರ ಒಮ್ಮತ ಸಿಗುತ್ತದೆಂದು ಬಂದಿದ್ದಳು.

ಮತ್ತೆ ಆ ಕಿವಿ. ಕಣ್ಣು ಮುಚ್ಚಿದರೂ ಅದೇ, ಬೆಳಕಿಗೆ ಅಡ್ಡ ಬಂದ ತೆಳ್ಳನೆಯ ಬಿಳಿ ಕಿವಿ, ಒಳಗಿನ ನರಗಳೆಲ್ಲ ಕೆಂಪಗೆ ಕಾಣುತ್ತಿವೆ, ಹಿಂದೆ ಸೂರ್ಯ, ಕುರಿ ಒಮ್ಮೆ ಕಿವಿ ಒದರುತ್ತದೆ, ಮತ್ತೆ ಸುಮ್ಮನಾಗುತ್ತದೆ, ಅಷ್ಟೇ. ವೈಶಾಲಿ ತೆಗೆದದ್ದು. ತವರಿಗೆ ಹೋದ ಮೇಲೂ ಚಿತ್ರದ ಕೆಲಸಕ್ಕೆಂದು ಅವಳು ಬರುತ್ತಿದ್ದಳು, ಕ್ಯಾಮೆರಾ ಕೊರಳಿಗೆ ಹಾಕಿಕೊಂಡರೆ ಹಳೆಯ ಅತ್ತೆ ಮಾವನ ಹಟ್ಟಿಗೂ ಕಾಲಿಡಬಹುದಾಗಿತ್ತು, ಯಾರೂ ಯಾಕೆ ಬಂದೆ ಎನ್ನುವಂತಿರಲಿಲ್ಲ, ಅದೊಂದು ಮಾತ್ರ ತಾನು ಮಾಡಿದ ಒಳ್ಳೆಯ ಕೆಲಸ ಎಂದು ಕೇತಕಿ ಒಳಗೊಳಗೇ ಹಿಗ್ಗುತ್ತಿದ್ದಳು. ಆ ತುಣುಕನ್ನು ಮೊದಲ ದಿನವೇ ಮತ್ತೆ ಮತ್ತೆ ಓಡಿಸಿ ನೋಡಿದ್ದಳು, ಎಂಥ ಕಣ್ಣು ಈ ಹುಡುಗಿಯದು, ಎಂಥ ಬೆಳಕು, ನಾಯಿ ಮಲಗಿದ್ದು ಆದ ಮೇಲೆ, ಪದ್ಮವ್ವ ರೊಟ್ಟಿ ಬಡಿಯುವ ಮೊದಲು, ಸರಿಯಾಗಿ ನಡುವೆ ಹೊಲಿದಿದ್ದಳು. ಬೆಳಕು ನೋಡಿದಳು, ಬಣ್ಣ ನೋಡಿದಳು, ಕಿವಿಯ ಮೇಲಿನ ಕತ್ತರಿಯ ಗುರುತು ನೋಡಲಿಲ್ಲ. ಮೂರು ವರ್ಷ ಇವರ ಜೊತೆ ತಿರುಗಿದವಳಿಗೆ ಗೊತ್ತಿಲ್ಲದ್ದಲ್ಲ, ಒಂದೊಂದು ಮನೆತನಕ್ಕೆ ಒಂದೊಂದು ಕಿವಿಗುರುತು, ಮರಿಯಿದ್ದಾಗಲೇ ಕತ್ತರಿಸುತ್ತಾರೆ, ಕುರಿ ಎಲ್ಲಿ ಬೆರೆತರೂ ಯಾರದೆಂದು ಕಿವಿ ಹೇಳುತ್ತದೆ, ಅದರ ಬಗ್ಗೆಯೇ ಚಿತ್ರದಲ್ಲಿ ಒಂದು ಭಾಗವಿದೆ, ಪಾಂಡಪ್ಪನೇ ವಿವರಿಸಿದ್ದಾನೆ, ನಮ್ಮದು ಕೆಳಗ ಅರ್ಧಚಂದ್ರ, ಸಿದ್ದಕ್ಕನ ಮನಿತನದ್ದು ತುದಿ ಸೀಳು. ಗೊತ್ತಿದ್ದೂ ಕಾಣಲಿಲ್ಲ. ಚೆಂದ ಕಂಡರೆ ಸಾಕು, ಬೇರೆ ಏನೂ ಕಾಣುವುದಿಲ್ಲ ಇವಳಿಗೆ.

ಪಾಂಡಪ್ಪನಿಗೆ ಕಂಡಿತು. ನಿನ್ನೆ ಜಮಖಂಡಿಯ ಮನೆಗೆ ಬಂದಿದ್ದ, ಕೊನೆಯ ಸಲ ನೋಡಿ ಹೂಂ ಎನ್ನಲು, ಮಾಳಿಗೆಯ ಕೋಣೆಯಲ್ಲಿ ಲ್ಯಾಪ್‌ಟಾಪಿನ ಮುಂದೆ ನೆಲಕ್ಕೇ ಕೂತ, ಕುರ್ಚಿ ಒಲ್ಲೆ ಎಂದ, ಅಮ್ಮ ಮಥುರಾಬಾಯಿ ಚಹಾ ತಂದಿಟ್ಟು ಬಾಗಿಲಲ್ಲೇ ಮೂಗಿಗೆ ಸೆರಗು ಹಿಡಿದು, ಇಡೀ ಮನೀ ಕುರೀ ವಾಸನಿ ಬರಲಿಕ್ಕತ್ತದ ನೋಡು, ಎಂದು ಗೊಣಗಿ, ಅವನಿಗೇ ಮತ್ತೊಂದು ಕಪ್ಪು ಬಗ್ಗಿಸಿದಳು, ಅಮ್ಮನ ಸ್ವಭಾವವೇ ಅದು, ಬಾಯಿ ಒಂದು ಕೈ ಒಂದು. ನಾಯಿ ಬಂದಾಗ ಪಾಂಡಪ್ಪ ನಕ್ಕ. ಕಿವಿ ಬಂದಾಗ ನಗು ನಿಂತಿತು. ಚಹಾದ ಬಸಿ ಕೆಳಗಿಟ್ಟ. ಪೂರ್ತಿ ಮುಗಿದ ಮೇಲೆ ಎದ್ದ, ಮೆಟ್ಟಿಲಿಳಿಯುವಾಗ ಬೆನ್ನು ತಿರುಗಿಸಿಕೊಂಡೇ, ಆ ಕಿವೀದು ತಗದಬಿಡು ತಂಗಿ. ಯಾಕ ಕಾಕಾ, ಭಾಳ ಛಲೋ ಬಂದದಲ್ಲ. ನೋಡಾಕ ಬರೂದಿಲ್ಲ ಅದು. ಖರೆ ಹೇಳ್ರಿ, ಯಾಕ. ಆಗ ತಿರುಗಿದ, ಮುಖದಲ್ಲಿ ಸಿಟ್ಟಿರಲಿಲ್ಲ, ಇದ್ದಿದ್ದರೆ ಒಳ್ಳೆಯದಿತ್ತು, ಕಂಬಳಿ ಮ್ಯಾಲ ಕುಂತ ಮಾತ ಕೊಟ್ಟೀರಿ ಬಾಯಾರ, ಎಂದ. ಬಾಯಾರ. ಹೊರಗಿನ ಹೆಂಗಸಿಗೆ ಕೊಡುವ ಮರ್ಯಾದೆ, ಎರಡು ವರ್ಷದಿಂದ ತಂಗಿ ಅನ್ನುತ್ತಿದ್ದವನು. ಒಂದು ಮೆಟ್ಟಿಲು ಇಳಿಯುವುದರೊಳಗೆ ತಂಗಿ ಹೋಗಿ ಬಾಯಾರ ಬಂತು, ಆಮೇಲೆ ಅವನು ಬೀದಿಯ ತಿರುವಿನವರೆಗೆ ಹೋಗುವುದನ್ನು ಕಿಟಕಿಯಲ್ಲಿ ನಿಂತು ನೋಡಿದಳು, ತಿರುಗಿ ನೋಡುತ್ತಾನೇನೋ ಎಂದು.

ತೆಗೆದು ಹಾಕುವ ಮೊದಲು ಆ ಚಿತ್ರ ತೆಗೆದವರಿಗೆ ಹೇಳಬೇಕು, ಅದೂ ತಾನೇ ಮಾಡಿದ ಕಟ್ಟಳೆ, ವೈಶಾಲಿಗೆ ಫೋನು ಹಚ್ಚಿದಳು, ಕಿವಿಯ ಚಿತ್ರ ಪಾಂಡಪ್ಪ ಕಾಕಾ ಬ್ಯಾಡ ಅಂತಾರ. ಆ ಕಡೆ ನಕ್ಕದ್ದು ಕೇಳಿಸಿತು, ಸಣ್ಣ ನಗು, ಬ್ಯಾಡ ಅನ್ನದ ಏನ ಅಂತಾನಕ್ಕಾ, ಅದು ನನ್ನ ಕುರಿ, ಚಂದ್ರಿ. ಆಮೇಲೆ ಎಲ್ಲ ಹೇಳಿದಳು, ಅಳದೆ, ಅವಸರ ಮಾಡದೆ, ಎಷ್ಟೋ ದಿನ ಬಾಯಿಪಾಠ ಮಾಡಿಟ್ಟವಳ ಹಾಗೆ — ಮದುವೆಯಲ್ಲಿ ತವರಿನವರು ಅವಳ ಸೆರಗಿಗೆ ಹಾಕಿ ಕಳಿಸಿದ ಕುರಿಗಳು, ತುದಿ ಸೀಳಿನವು, ಹೆಣ್ಣುಮಗಳು ಮನೆ ಬಿಟ್ಟರೆ ಅವೂ ಅವುಗಳ ಮರಿಗಳೂ ಅವಳ ಹಿಂದೆಯೇ ಹೋಗಬೇಕು, ಇದು ಇವರಲ್ಲಿ ಯಾರೂ ಮೀರದ ಪದ್ಧತಿ, ಆದರೆ ಅವಳು ತವರಿಗೆ ಹೋದ ಮೇಲೆ ಹಿರಿಯರ ಮುಂದೆ ಪಾಂಡಪ್ಪ, ಬ್ಯಾನಿ ಬಂತು, ಅಕೀವ ಎಲ್ಲಾ ಸತ್ತು ಹ್ವಾದು, ಅಂದುಬಿಟ್ಟ, ಎಲ್ಲರೂ ನಂಬಿದರು, ವೈಶಾಲಿಯೂ ನಂಬಿದಳು, ಚಂದ್ರಿ ಸತ್ತಳೆಂದು ಊಟ ಬಿಟ್ಟು ಕೂತಿದ್ದಳಂತೆ. ಆಮೇಲೆ ಒಂದು ಸಂಜೆ ಕ್ಯಾಮೆರಾ ಹಿಡಿದು ಬಲೆಯ ಬದಿಗೆ ನಿಂತಾಗ ಕುರಿಯೊಂದು ತಾನಾಗಿ ಬಂದು ಅಂಗೈ ನೆಕ್ಕಿತು. ಕಿವಿ ನೋಡಿದರೆ ಕೆಳಗೆ ಅರ್ಧಚಂದ್ರ, ಗಾಯ ಇನ್ನೂ ಹಸಿ, ಮೇಲೆ ತುದಿಯನ್ನೇ ನೆಟ್ಟಗೆ ಹಾರಿಸಿದ್ದಾರೆ, ಸೀಳು ಕಾಣಬಾರದೆಂದು, ಆದರೆ ನಮ್ಮಪ್ಪ ಆಳ ಸೀಳತಿದ್ದನಕ್ಕಾ, ಬುಡದಾಗ ಒಂದ ಎಳಿ ಉಳದೈತಿ, ನೋಡು, ಬೆಳಕಿಗೆ ಹಿಡದ್ರ ಕಾಣತೈತಿ. ಅದಕ ಬೆಳಕಿಗೆ ಹಿಡದೇನಿ. ಸೂರ್ಯನ್ನ ಹಿಂದ ಇಟ್ಕೊಂಡೇನಿ. ಚೆಂದಕ್ಕಲ್ಲ. ಆಗಲೇ ಯಾಕೆ ಕೂಗಾಡಲಿಲ್ಲ ಎಂದರೆ, ಕೂಗಿದ್ರ ಆ ರಾತ್ರೀನ ಕಡದ ತಿಂತಿದ್ರು, ಹಿರ್ಯಾರ ಮುಂದ ಬರಲಿ ಅಂತ ಕಾದೇನಿ, ನಿನ್ನ ಪರದೆ ಮ್ಯಾಲ ಬಂದ್ರ ಯಾರೂ ಇಲ್ಲ ಅನ್ನಂಗಿಲ್ಲ. ಅಕ್ಕಾ, ನೀ ತಗೀಬ್ಯಾಡ. ನಾ ತಗದ ಚಿತ್ರ ಅದು, ನಂದು. ಬೇರೆ ಏನೂ ಕೇಳಲಿಲ್ಲ ಅವಳು, ಫೋನು ಇಟ್ಟಳು.

ಬಟ್ಟೆ ಮತ್ತೆ ಉಬ್ಬಿತು. ಈಗ ಬಟ್ಟೆ ಬಿಟ್ಟರೆ ಬೇರೇನೂ ಬೆಳ್ಳಗಿಲ್ಲ. ಪದ್ಮವ್ವ ತಂಬಿಗೆ ಹಿಡಿದು ಬಂದು ಪಕ್ಕದಲ್ಲೇ ಕುಕ್ಕರಗಾಲಲ್ಲಿ ಕೂತಳು, ಮಜ್ಜಿಗಿ ಕುಡಿಯವಾ, ಬಾಯಿ ಒಣಗೇತಿ ನಿಂದು. ಕುಡಿದಳು. ಪದ್ಮವ್ವ ಏಳಲಿಲ್ಲ, ಬಟ್ಟೆಯನ್ನೇ ನೋಡುತ್ತ, ಯಾರಿಗೂ ಅಲ್ಲ ಎಂಬಂತೆ, ಅವ ಕೊಯ್ಯೂ ಮುಂದ ಕಿವಿ ಹಿಡದಾಕಿ ನಾನ ನೋಡು, ಎಂದಳು. ಕೇತಕಿ ತಂಬಿಗೆ ಕೆಳಗಿಟ್ಟಳು. ಬ್ಯಾನಿ ಬಂದದ್ದು ಸುಳ್ಳಲ್ಲಬೇ, ಹಟ್ಟಿ ಅರ್ಧ ಬರಿದಾತು, ಸತ್ತದ್ದು ನಮ್ಮವು, ಉಳದದ್ದು ಅಕೀವು, ಅವನ್ನೂ ಹೊಡಕೊಂಡ ಹ್ವಾದ್ರ ನಾವ್ ಕೋಲ ಹಿಡದು ಯಾರ ಹಿಂದ ತಿರಗೂಣು, ಅದಕ ಮಾಡಿದ, ಮಾಡಿದಾಗಿಂದ ಅವಗ ನಿದ್ದಿ ಇಲ್ಲ, ಮಂದ್ಯಾಗ ಗೊತ್ತಾತಂದ್ರ ಆ ಕಂಬಳಿ ಮ್ಯಾಲ ಅವನ್ನ ಯಾರೂ ಕುಂಡ್ರಗೊಡಾಂಗಿಲ್ಲ, ಸಾಯೂತನ. ಹಂಗಾದ್ರ ತೋರಸಬ್ಯಾಡ ಅಂತೀಯೇನವಾ, ಕೇತಕಿ ಕೇಳಿದಳು. ನಾ ಏನೂ ಅನ್ನಂಗಿಲ್ಲ, ಅಂದ್ರೂ ತಪ್ಪು ಅನ್ನದಿದ್ರೂ ತಪ್ಪು, ಅಕಿ ನನ್ನ ಅವ್ವಾ ಅಂತ ಕರದಾಕಿ. ತಂಬಿಗೆ ತೆಗೆದುಕೊಂಡು ಹೋದಳು. ಹೋಗುವಾಗ ಕೇತಕಿಯ ಹೆಗಲ ಮೇಲೆ ಕೈಯಿಟ್ಟು ಎದ್ದಳು, ಹಿಟ್ಟಿನ ಕೈ, ಆ ಕೈಯ ಬೆರಳುಗಳೇ ಕಿವಿಯನ್ನು ಹಿಡಿದಿದ್ದವು, ಮೆತ್ತಗೆ ಹಿಡಿದಿದ್ದವೋ ಬಿಗಿಯಾಗಿಯೋ.

ಹಚ್ಚರಿ ಇನ್ನ, ಎಂದು ಯಾರೋ ಕೂಗಿದರು, ಕತ್ತಲಾತು, ಹಚ್ಚರಿ. ಪಾಂಡಪ್ಪ ತಿರುಗಿ ನೋಡಿದ, ಅದೇ ನೋಟ. ಬಲೆಯ ಬದಿಯಿಂದ ವೈಶಾಲಿಯೂ. ಇಬ್ಬರ ಕಣ್ಣೂ ಒಂದೇ ಬೆರಳಿನ ಮೇಲೆ. ಇದ್ದದ್ದು, ಇಲ್ಲದ್ದು. ಮಾತು ಕೊಟ್ಟಿದ್ದೀ, ಕಂಬಳಿ ಮೇಲೆ, ಆ ಮಾತು ಮುರಿದರೆ ನಾಳೆಯಿಂದ ಯಾವ ಹಟ್ಟಿಯ ನಾಯಿಯೂ ನಿನ್ನನ್ನು ಒಳಗೆ ಬಿಡುವುದಿಲ್ಲ, ಅದು ಹೋಗಲಿ, ಇವರನ್ನೆಲ್ಲ ತೋರಿಸಿ ಮರ್ಯಾದೆ ಕಳೆದ ಆ ಪಿಟೀಲಿನವರಿಗೂ ನಿನಗೂ ಏನು ವ್ಯತ್ಯಾಸ ಉಳಿಯಿತು — ಆದರೆ ಹುಡುಗಿ, ಅವಳ ಕುರಿ, ಅವಳ ಕಣ್ಣು, ನೀನೇ ಕೊಟ್ಟ ಕ್ಯಾಮೆರಾ — ಮುದುಕ ಕಂಬಳಿಯಿಂದ ಏಳುವುದು, ಎಲ್ಲರ ಮುಂದೆ, ತೊಳೆದ ರುಮಾಲಿನವನು ಏಳುವುದು, ನಿನ್ನಿಂದ ನೋಡಲಾದೀತೇ. ಬೆರಳು ತಾನೇ ಇಳಿಯಿತು ಎನ್ನಬೇಕು ಎನ್ನಿಸಿತು, ಆದರೆ ಬೆರಳು ತಾನೇ ಇಳಿಯುವುದಿಲ್ಲ, ಅವಳೇ ಒತ್ತಿದಳು. ಕಿವಿ ಇಲ್ಲದ್ದನ್ನು.

ಬಟ್ಟೆ ಬೆಳಗಿತು, ಕುರಿಗಳು ಹಳ್ಳ ದಾಟುತ್ತಿವೆ, ಜನ ಹೋ ಎಂದರು, ತಮ್ಮನ್ನು ತಾವು ಗುರುತಿಸಿ ನಗುತ್ತಾರೆ, ಏ ನಿನ್ನ ಹೊಟ್ಟಿ ನೋಡೋ, ಏ ನಮ್ಮ ಕುದರಿ, ಎಷ್ಟು ಸಂತೋಷ, ಈ ಗದ್ದಲಕ್ಕಾಗಿಯೇ ಅಲ್ಲವೇ ಮೂರು ವರ್ಷ ದುಡಿದದ್ದು, ಒಂದು ತುಣುಕು ಹೋದರೆ ಚಿತ್ರ ಹೋಯಿತೇ, ವೈಶಾಲಿಗೆ ಬೇರೆ ದಾರಿ ಹುಡುಕೋಣ, ಪಾಂಡಪ್ಪನ ಹತ್ತಿರ ಒಬ್ಬಳೇ ಹೋಗಿ ಕೂತು ಮಾತಾಡಿದರೆ ಅವನು ಕೊಟ್ಟಾನು, ಕೊಡದೆ ಏನು, ಒಳ್ಳೆಯ ಮನುಷ್ಯ — ಎಷ್ಟು ಬೇಗ ಸಮಾಧಾನಗಳು ಸಾಲಾಗಿ ಬಂದು ನಿಲ್ಲುತ್ತವೆ, ಮೊದಲೇ ಕಾದಿದ್ದವರ ಹಾಗೆ. ಪಾಂಡಪ್ಪ ಪರದೆಯ ಮೇಲೆ ಕಿವಿಗುರುತಿನ ಮಾತು ಹೇಳುತ್ತಿದ್ದಾನೆ, ಕುರಿ ಸುಳ್ಳ ಹೇಳಬಹುದು, ಕಿವಿ ಹೇಳಂಗಿಲ್ಲ, ಜನ ನಕ್ಕರು, ಕೆಳಗೆ ಕೂತ ಪಾಂಡಪ್ಪ ನಗಲಿಲ್ಲ. ನಾಯಿ ಬಂತು. ನಾಯಿ ಮಲಗಿತು, ಮೂಗನ್ನು ಬಾಲದಡಿ ಸೇರಿಸಿತು, ಈಗ, ಈಗ ಬರಬೇಕಿತ್ತು, ಪದ್ಮವ್ವ ರೊಟ್ಟಿ ಬಡಿಯತೊಡಗಿದಳು, ಪಟ ಪಟ ಪಟ, ಹೊಲಿಗೆ ಕಾಣುವುದೇ ಇಲ್ಲ, ಎಷ್ಟು ಚೆನ್ನಾಗಿ ಹೊಲಿದಿದ್ದೀ ಕೇತಕಿ, ನಡುವೆ ಏನೋ ಇತ್ತೆಂದು ದೇವರಿಗೂ ಗೊತ್ತಾಗದು. ಪಾಂಡಪ್ಪನ ಹೆಗಲು ಇಳಿಯಿತು. ಬಲೆಯ ಬದಿಯಲ್ಲಿ ಒಬ್ಬಳು ಎದ್ದಳು.

ಎದ್ದವಳು ಟ್ರ್ಯಾಕ್ಟರಿನ ಕಡೆ ಹೋಗುತ್ತಾಳೆ, ಸಿಟ್ಟಿಗೆದ್ದು ಊರಿಗೆ ಹೋಗುತ್ತಾಳೆ ಎಂದುಕೊಂಡಳು ಕೇತಕಿ, ಹೋಗಲಿಲ್ಲ, ಬಲೆ ಎತ್ತಿ ಒಳಗೆ ನುಗ್ಗಿದಳು, ಕುರಿಗಳು ಗಲಿಬಿಲಿಯಾಗಿ ಎದ್ದವು, ಕತ್ತಲೊಳಗಿಂದ ಅವಳ ದನಿ, ಬಾ ಬೇ ಚಂದ್ರಿ, ಬಾ, ಜೋರಾಗಿಯೂ ಅಲ್ಲ, ಮನೆಯೊಳಗೆ ಕರೆದ ಹಾಗೆ, ಮತ್ತೆ ಹೊರಗೆ ಬಂದಾಗ ಹಗ್ಗವಿಲ್ಲ, ಕೋಲಿಲ್ಲ, ಕುರಿಯೊಂದು ಅವಳ ಮೊಣಕಾಲಿಗೆ ತಲೆ ತಾಗಿಸಿಕೊಂಡು ಬರುತ್ತಿದೆ, ಹಾದಿ ಬಿಡ್ರಿ, ಜನ ಕಾಲು ಮಡಚಿಕೊಂಡರು, ಅವಳ ಗಂಡ ಶಿವಪುತ್ರ ಹಿಂದೆ ನಿಲ್ಲಿಸಿದ ಬೈಕಿನ ಮೇಲಿಂದಲೇ, ಏ ಎಲ್ಲಿಗಿ ಒಯ್ತೀಬೇ ಅದನ್ನ, ಎಂದ, ಇಳಿಯಲಿಲ್ಲ. ವೈಶಾಲಿ ಹಿರಿಯರ ಹತ್ತಿರ ಹೋಗಲಿಲ್ಲ, ಬಟ್ಟೆಯ ಹತ್ತಿರ ಹೋಗಲಿಲ್ಲ, ನೇರ ಇಲ್ಲಿಗೆ, ಕೇತಕಿಯ ಮುಂದಕ್ಕೆ, ಪ್ರೊಜೆಕ್ಟರಿನ ಬಾಯಿಗೇ ಬಂದು ಮಂಡಿಯೂರಿ ಕುರಿಯ ತಲೆಯನ್ನು ಎದೆಗೊತ್ತಿಕೊಂಡಳು, ಒಮ್ಮೆ ಕೇತಕಿಯ ಮುಖ ನೋಡಿದಳು, ಬೈಯಲಿಲ್ಲ, ನೀ ಹೊಲದಿ ಅಕ್ಕಾ, ನಾ ಬಿಚ್ಚತೇನಿ, ಎಂದಳು, ಕಿವಿಯನ್ನು ಬೆಳಕಿಗೆ ಎತ್ತಿದಳು. ರೊಟ್ಟಿಯ ಸದ್ದು ಇದೆ, ರೊಟ್ಟಿ ಇಲ್ಲ, ಬಟ್ಟೆಯ ತುಂಬ ಕಿವಿಯ ನೆರಳು, ಜನರ ಗದ್ದಲ ನಿಂತಿದೆ, ಮುಂದಿನ ಸಾಲಿನ ಹಿರಿಯನೊಬ್ಬ ಎದ್ದು ನಿಂತ, ಮತ್ತೊಬ್ಬ, ಪಾಂಡಪ್ಪ ಕೂತೇ ಇದ್ದಾನೆ, ಕಂಬಳಿಯ ಅಂಚನ್ನು ಮುಷ್ಟಿಯಲ್ಲಿ ಹಿಡಿದಿದ್ದಾನೆ, ತಿರುಗದೆ, ಬಟ್ಟೆಯನ್ನೇ ನೋಡುತ್ತ, ದೀಪ ಆರಸು ತಂಗಿ, ಎಂದ. ತಂಗಿ. ಬಟನ್ ಬೆರಳಿನ ಕೆಳಗೇ ಇದೆ, ಬೆಚ್ಚಗಿದೆ, ಒತ್ತಿದರೆ ಕತ್ತಲೆ, ಒತ್ತಿದರೆ ಆಯಿತು, ಅವನು ಬೇಡ ಎಂದಿದ್ದಾನೆ, ಯಾರ ಬ್ಯಾಡ ಅಂದ್ರೂ — ಒತ್ತು — ಇಷ್ಟು ಹತ್ತಿರದಿಂದ ನರಗಳು ಕೆಂಪಗೆ, ಕುರಿಯ ಬಿಸಿ ಉಸಿರು ಕೈಗೆ ತಾಗುತ್ತಿದೆ, ಅಲ್ಲಿ ಬಟ್ಟೆಯ ಮೇಲೆ ಆಳೆತ್ತರದ ಕಪ್ಪು ಕಿವಿ, ಕೆಳಗೆ ಅರ್ಧಚಂದ್ರ, ಮೇಲೆ ನೆಟ್ಟಗೆ ಕೊಯ್ದ ತುದಿ, ಆ ತುದಿಯಿಂದ ಒಳಗಿಳಿದ ಹಳೆಯ ಸೀಳಿನ ಒಂದು ಎಳೆ ಬೆಳಕು — ಬೆರಳು ಒತ್ತಲೊಲ್ಲದು — ಕಿವಿ, ಕೊಯ್ದ ತುದಿ, ಒಂದು ಎಳೆ ಬೆಳಕು — ಕಿವಿ, ಅದರೊಳಗೆ ಒಂದು ಎಳೆ ಬೆಳಕು —